ಪಂಚಾಂಗ, ಪ್ಯಾಕೇಜ್ ಮತ್ತು ಒಂದು ಫೈಬರ್ ಒರಳು

ಐದಕ್ಕೆ ಮೂರೂವರೆ. ಅಂಕ ಮೊದಲೇ ಹೇಳಿಬಿಡುತ್ತೇನೆ. ಹೈಸ್ಕೂಲಿನಲ್ಲಿ 28 ವರ್ಷದಿಂದ ಲೆಕ್ಕ ಹೇಳಿಕೊಡುತ್ತಿರುವವಳು ನಾನು, ಅರ್ಧ ಅಂಕ ಕಳೆದರೂ ಯಾಕೆ ಕಳೆದೆ ಅಂತ ಬರೆಯದಿದ್ದರೆ ನಿದ್ದೆ ಬರುವುದಿಲ್ಲ.

ಕಳೆದ ಮೇ ತಿಂಗಳಲ್ಲಿ ಮೈಸೂರಿನಲ್ಲಿ ನಮ್ಮ ಅಕ್ಕನ ಮಗಳ ಮದುವೆ ಆಯಿತು. ಮುಹೂರ್ತದ ದಿನವನ್ನು ಪುರೋಹಿತರೂ ಛತ್ರದವರೂ ನೋಡಿಕೊಂಡರು, ಅದರ ಮಾತು ಇಲ್ಲಿ ಬೇಡ. ನಾನು ಬರೆಯುತ್ತಿರುವುದು ಅದಕ್ಕೆ ಮುಂಚಿನ ಒಂದು ವಾರವನ್ನು ವಹಿಸಿಕೊಂಡ ಇವೆಂಟ್ ಕಂಪನಿಯ ಬಗ್ಗೆ. ಮಾರ್ಚ್‌ನಲ್ಲಿ ಅಕ್ಕನಿಗೆ ಮಂಡಿ ಆಪರೇಷನ್ ಆಗಿತ್ತು. ಭಾವನಿಗೆ ಪತ್ರಿಕೆ ಹಂಚುವುದರಲ್ಲೇ ಅರ್ಧ ಜೀವ ಹೋಗಿತ್ತು. ನನಗೆ ಏಪ್ರಿಲ್‌ನಲ್ಲಿ ಎಸ್ಸೆಸ್ಸೆಲ್ಸಿ ಪೇಪರ್ ತಿದ್ದುವ ಡ್ಯೂಟಿ. ಹುಡುಗಿ ಬೆಂಗಳೂರಿನ ಆಫೀಸಿನಿಂದ ಫೋನ್ ಮಾಡಿ, "ಚಿಕ್ಕಮ್ಮ, ನೀವ್ಯಾರೂ ಒದ್ದಾಡ್ಬೇಡಿ, ಯಾರಿಗಾದ್ರೂ ವಹಿಸೋಣ" ಅಂದಳು. ಹಾಗೆ ಇವರು ಬಂದರು. ಕಂಪನಿಯ ಹೆಸರು ಬರೆಯುವುದಿಲ್ಲ. ಕೆಲಸ ಮಾಡಿದ ಹುಡುಗರು ಒಳ್ಳೆಯವರು, ತಪ್ಪೆಲ್ಲ ಪ್ಯಾಕೇಜ್ ಬರೆದವರದ್ದು.

ಪ್ಯಾಕೇಜಿನಲ್ಲಿ ನಾಲ್ಕು ಭಾಗ ಇದ್ದವು. ಹಿಂದಿನ ಭಾನುವಾರ ಬ್ರೈಡಲ್ ಶವರ್, 22,000. ಮೆಹಂದಿ ಸಂಜೆ, ಅಲಂಕಾರ, ಮೂವರು ಮೆಹಂದಿ ಹುಡುಗಿಯರು, ಚಾಟ್ ಮತ್ತು ದೋಸೆ ಕೌಂಟರ್ ಸೇರಿ 58,000. ಚಪ್ಪರದ ದಿನದ ಅರಿಶಿನ ಶಾಸ್ತ್ರ ಮತ್ತು ಬಳೆ ಶಾಸ್ತ್ರಕ್ಕೆ ಅಲಂಕಾರ, ಆಸನ, ಮೈಕ್, ಫೋಟೋ ಎಲ್ಲ ಸೇರಿ 35,000. ಶನಿವಾರ ರಾತ್ರಿ ಛತ್ರದಲ್ಲಿ ವರಪೂಜೆಗೆ ಬೀಗರನ್ನು ಎದುರುಗೊಳ್ಳುವುದು, ಸ್ಟೇಜ್ ವ್ಯವಸ್ಥೆ, ಊಟ ಬಿಟ್ಟು, 45,000. ಕೂಡಿದರೆ 1,60,000. ಮುದ್ರಿಸಿದ ಹಾಳೆಯ ಮೇಲೆ ದಪ್ಪ ಅಕ್ಷರದಲ್ಲಿ "ಎಲ್ಲ ಸೇರಿ" ಅಂತ ಇತ್ತು. ಈ ಎರಡು ಪದ ನೆನಪಿಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತದೆ.

"ಎಲ್ಲ ಸೇರಿ ಅಂದ್ರೆ ಜಿಎಸ್‌ಟಿನೂ ಸೇರಿ ಅಲ್ವಾ?" ಅಂದೆ. ಎದುರಿಗೆ ಕೂತಿದ್ದ ಹುಡುಗ ಟೀ ಲೋಟ ಕೆಳಗಿಟ್ಟ. ಸೇರಿರಲಿಲ್ಲ. 18 ಪರ್ಸೆಂಟ್ ಬೇರೆ. ಅಂದರೆ 28,800 ಹೆಚ್ಚಿಗೆ. ನಾನು ಪೆನ್ಸಿಲ್ ತೆಗೆದೆ. ಹೊಗೆ ಬಿಡುವ ಮೆಷಿನ್ 4,000, ಬೇಡ. ಫೋಟೋ ಬೂತ್ 8,000, ಮನೆಯಲ್ಲಿ ಇರುವವರ ಕೈಯಲ್ಲೆಲ್ಲ ಫೋನ್ ಇದೆ, ಬೇಡ. 1,48,000ಕ್ಕೆ ಇಳಿಯಿತು. ತೆರಿಗೆ 26,640 ಸೇರಿ 1,74,640. ಅರ್ಧ ಮುಂಗಡ ಕೊಟ್ಟು ರಸೀದಿ ತೆಗೆದುಕೊಂಡೆವು.

ಎರಡು ದಿನ ಬಿಟ್ಟು ವೇಳಾಪಟ್ಟಿ ಬಂತು. ಚೆನ್ನಾಗಿ ಪ್ರಿಂಟ್ ಮಾಡಿದ್ದರು, ಅಂಚಿಗೆ ಗುಲಾಬಿ ಹೂವು. ಶುಕ್ರವಾರ ಬೆಳಿಗ್ಗೆ 9ಕ್ಕೆ ಮೆಹಂದಿ, 11ಕ್ಕೆ ಹಲ್ದಿ, 3ಕ್ಕೆ ಬಳೆ. ಒಂದೇ ದಿನಕ್ಕೆ ಎಲ್ಲ ತುರುಕಿದರೆ ಅವರ ಹುಡುಗರಿಗೆ ಒಂದು ದಿನದ ಕೂಲಿ ಉಳಿಯುತ್ತದಲ್ಲ. ಒಂದೇ ಸಾಲಿನಲ್ಲಿ ಮೂರು ತಪ್ಪು. ನನ್ನ ಒಂಬತ್ತನೇ ಕ್ಲಾಸಿನ ಮಕ್ಕಳೂ ಇಷ್ಟು ಚುರುಕಾಗಿ ತಪ್ಪು ಮಾಡುವುದಿಲ್ಲ.

ಮೊದಲನೆಯದು, ಶುಕ್ರವಾರ ಹತ್ತೂವರೆಯಿಂದ ಹನ್ನೆರಡರವರೆಗೆ ರಾಹುಕಾಲ. ನಾನು ಅಂಥ ದೊಡ್ಡ ನಂಬಿಕೆಯವಳಲ್ಲ. ಆದರೆ ಭಾವನ ದೊಡ್ಡಮ್ಮ ಮಳವಳ್ಳಿ ಕಡೆಯಿಂದ ಬರುವವರು, 78 ವರ್ಷ, ರಾಹುಕಾಲದಲ್ಲಿ ಮೊರಕ್ಕೆ ಕೈ ಹಾಕುವುದಿಲ್ಲ. ಅವರು ಹಾಡದೆ ನಮ್ಮ ಮನೆಯಲ್ಲಿ ಅರಿಶಿನ ಆಗುವುದೂ ಇಲ್ಲ. ಗೋಡೆಗೆ ನೇತುಹಾಕಿದ ಕ್ಯಾಲೆಂಡರ್ ನೋಡಿದ್ದರೂ ಸಾಕಿತ್ತು. ಮದುವೆಯ ಕೆಲಸ ವಹಿಸಿಕೊಳ್ಳುವ ಆಫೀಸಿನಲ್ಲಿ ಒಂದು ಪಂಚಾಂಗ ಇಲ್ಲ ಅಂದರೆ ಹೇಗೆ?

ಎರಡನೆಯದು ಇನ್ನೂ ದೊಡ್ಡದು. ಮದರಂಗಿಯ ಬಣ್ಣ ಹಚ್ಚಿದ ತಕ್ಷಣ ಬರುವುದಿಲ್ಲ. ಒಣಗಿದ ಪುಡಿ ಉದುರಿಸಿದಾಗ ಕೈ ಕಿತ್ತಳೆ ಬಣ್ಣಕ್ಕೆ ಇರುತ್ತದೆ, ಒಂದೆರಡು ದಿನದಲ್ಲಿ ನಿಧಾನವಾಗಿ ಕೆಂಪೇರುತ್ತದೆ. ಮೊದಲ ದಿನ ನೀರು ತಾಕಿಸಬಾರದು ಅನ್ನುವುದು ಅದಕ್ಕೇ. ಒಂಬತ್ತಕ್ಕೆ ಮೆಹಂದಿ ಹಚ್ಚಿ, ಹನ್ನೊಂದಕ್ಕೆ ಎಣ್ಣೆ ಅರಿಶಿನ ಬಳಿದು, ಹನ್ನೆರಡಕ್ಕೆ ಸ್ನಾನ ಮಾಡಿಸಿದರೆ ಕೈಯಲ್ಲಿ ಏನು ಉಳಿಯುತ್ತದೆ? ಹಾಗಾದರೆ ಹಿಂದುಮುಂದು ಮಾಡೋಣ, ಮೊದಲು ಹಲ್ದಿ ಅಂದರು. ಎಣ್ಣೆ ಇಳಿದ ಚರ್ಮಕ್ಕೆ ಮೆಹಂದಿ ಸರಿಯಾಗಿ ಹತ್ತುವುದಿಲ್ಲ. ಮೂರನೆಯದು ನಿಮಗೇ ಗೊತ್ತಾಗಿರಬೇಕು. ಹಸಿ ಮೆಹಂದಿ ಕೈಗೆ ಬಳೆಗಾರರು ಬಳೆ ಹೇಗೆ ಏರಿಸಬೇಕು?

ಕೆಂಪು ಪೆನ್ನಿನಲ್ಲಿ ತಿದ್ದಿ ವಾಪಸ್ ಕಳಿಸಿದೆ. ಗುರುವಾರ ಸಂಜೆ 5ಕ್ಕೆ ಮೆಹಂದಿ. ಶುಕ್ರವಾರ ಬೆಳಿಗ್ಗೆ ಏಳೂವರೆಗೆ ಚಪ್ಪರ ಪೂಜೆ, 9ಕ್ಕೆ ಅರಿಶಿನ, ಹತ್ತೂವರೆಯೊಳಗೆ ಮುಗಿಯಬೇಕು. ಸಂಜೆ 4ಕ್ಕೆ ಬಳೆ. ಶನಿವಾರ ಸಂಜೆ ಸ್ಟೇಜಿಗೆ ಬರುವ ಹೊತ್ತಿಗೆ ಮೆಹಂದಿಗೆ 48 ಗಂಟೆ ಆಗಿರುತ್ತದೆ, ಒಳ್ಳೆಯ ಬಣ್ಣ. ಇದಕ್ಕೆ ಅವರು ಮರುಮಾತಾಡದೆ ಒಪ್ಪಿದರು, ಹೆಚ್ಚಿಗೆ ದುಡ್ಡೂ ಕೇಳಲಿಲ್ಲ. ಅದಕ್ಕೆ ಕಾಲು ಅಂಕ.

ಬ್ರೈಡಲ್ ಶವರ್ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಕುವೆಂಪುನಗರದ ಮನೆಯ ಮಹಡಿಯಲ್ಲಿ ಹುಡುಗಿಯ ಆಫೀಸಿನ ಗೆಳತಿಯರು ಹದಿನಾರು ಜನ, ಗುಲಾಬಿ ಬಲೂನು, ಅವಳ ಹೆಗಲಿಗೆ "ಬ್ರೈಡ್ ಟು ಬಿ" ಅನ್ನುವ ಪಟ್ಟಿ, ಕೇಕು, ಆಟ. ಎಲ್ಲರೂ ಉಡುಗೊರೆ ತಂದಿದ್ದರು. "ಇದೇನೇ ಇದು?" ಅಂತ ಅಕ್ಕ ಕೇಳಿದಳು. "ಮುಂಗಡ ಮುಯ್ಯಿ" ಅಂದೆ. ಅಕ್ಕನಿಗೆ ತಕ್ಷಣ ಅರ್ಥವಾಯಿತು, ಒಳಗೆ ಹೋಗಿ ನೋಟ್‌ಬುಕ್ ತಂದು ಯಾರು ಏನು ಕೊಟ್ಟರು ಅಂತ ಬರೆದಿಟ್ಟಳು. ನಾಳೆ ಅವರ ಮದುವೆಗೆ ತಿರುಗಿ ಮುಯ್ಯಿ ಮಾಡಬೇಕಲ್ಲ. ಕಂಪನಿಯ ಕೆಲಸದಲ್ಲಿ ದೋಷ ಇರಲಿಲ್ಲ. 22,000ಕ್ಕೆ ಬೆಲೆ ಬಂತಾ ಅಂದರೆ ಇಲ್ಲ. ಬಲೂನು ಊದುವುದನ್ನು ಆ ಹದಿನಾರು ಹುಡುಗಿಯರೇ ನಗುತ್ತಾ ಮಾಡಿಬಿಡುತ್ತಿದ್ದರು.

ಗುರುವಾರ ಸಂಜೆಯ ಮೆಹಂದಿಯನ್ನು ಎರಡು ಭಾಗ ಮಾಡಿ ಹೇಳಬೇಕು, ಕೈ ಮತ್ತು ಹೊಟ್ಟೆ.

ಕೈಯ ವಿಷಯದಲ್ಲಿ, ಮದುಮಗಳಿಗೆ ಹಚ್ಚಿದ ಹುಡುಗಿ ಅಪ್ಪಟ ಕಲಾವಿದೆ. ಮೂರೂವರೆ ಗಂಟೆ ಕೂತಲ್ಲಿಂದ ಏಳಲಿಲ್ಲ. ಅವಳೇ ಕಲಸಿ ತಂದ ಕೋನ್, ನೀಲಗಿರಿ ಎಣ್ಣೆಯ ವಾಸನೆ ಬರುತ್ತಿತ್ತು. ಒಣಗುತ್ತಾ ಬಂದಂತೆ ನಿಂಬೆರಸ ಸಕ್ಕರೆ ಹತ್ತಿಯಲ್ಲಿ ಅದ್ದಿ ಒತ್ತಿದಳು. ಆದರೆ ನೆಂಟರಿಗೆ ಹಚ್ಚಲು ಕೂತ ಇನ್ನಿಬ್ಬರ ಡಬ್ಬಿಯಲ್ಲಿ ಬೇರೆ ಕೋನ್ ಇತ್ತು. ಹತ್ತು ನಿಮಿಷದಲ್ಲಿ ಕಪ್ಪಾಗುತ್ತದೆ ಅಂತ ಅದರ ಮೇಲೇ ಬರೆದಿತ್ತು. ನನ್ನ ಎದೆ ಧಸಕ್ಕೆಂದಿತು. ಎರಡು ವರ್ಷದ ಹಿಂದೆ ನನ್ನ ಶಿಷ್ಯೆಯೊಬ್ಬಳು ಹಬ್ಬಕ್ಕೆ ಇಂಥ ಕಪ್ಪು ಮೆಹಂದಿ ಹಚ್ಚಿಕೊಂಡು, ಬಳ್ಳಿಯ ಆಕಾರದಲ್ಲೇ ಬೊಬ್ಬೆ ಎದ್ದು ಪರೀಕ್ಷೆ ಬರೆಯಲು ಆಗದೆ ಒದ್ದಾಡಿದ್ದಳು. ಬರೀ ಮದರಂಗಿ ಸೊಪ್ಪು ಯಾವತ್ತೂ ಕಪ್ಪು ಬಣ್ಣ ಬಿಡುವುದಿಲ್ಲ. ಕಪ್ಪಾಗಬೇಕಾದರೆ ಬೇರೆ ಏನೋ ಸೇರಿರಬೇಕು. ಎಷ್ಟೋ ಸಲ ಅದು ತಲೆಗೂದಲಿನ ಡೈಯಲ್ಲಿ ಇರುವ ಪಿಪಿಡಿ ಅನ್ನುವ ರಾಸಾಯನಿಕ. ಚಿಕ್ಕ ಮಕ್ಕಳು ಸಾಲಾಗಿ ಕೈ ಚಾಚಿಕೊಂಡು ನಿಂತಿದ್ದರು. ನಾನು ಆ ಡಬ್ಬಿ ಎತ್ತಿ ನನ್ನ ಬ್ಯಾಗಿಗೆ ಹಾಕಿಕೊಂಡೆ. "ಮೇಡಂ, ಎಲ್ಲಾ ಕಡೆ ಇದೇ ಯೂಸ್ ಮಾಡೋದು" ಅಂದಳು ಆ ಹುಡುಗಿ. ಅವಳ ಮೇಲೆ ಕೋಪ ಬರಲಿಲ್ಲ, ಅವಳಿಗೆ ಕೊಟ್ಟಿದ್ದೇ ಅದು. ಕೊನೆಗೆ ಮದುಮಗಳ ಕೋನ್‌ಗಳಲ್ಲೇ ಉಳಿದದ್ದನ್ನು ಹಂಚಿಕೊಂಡು ಎಲ್ಲರಿಗೂ ಅಂಗೈಗೆ ಒಂದು ಚಂದ್ರ, ಬೆರಳ ತುದಿಗೆ ಟೋಪಿ ಹಾಕಿಸಿದೆವು. ನಮ್ಮ ಅಜ್ಜಿ ಹಾಕುತ್ತಿದ್ದದ್ದೂ ಅದೇ ಡಿಸೈನು. ಇಲ್ಲಿ ಮುಕ್ಕಾಲು ಅಂಕ ಕಳೆದೆ. ದುಡ್ಡು ಕೊಡುವವಳಿಗೆ ಒಳ್ಳೆಯ ಕೋನ್, ಮಿಕ್ಕವರ ಮಕ್ಕಳಿಗೆ ಅಂಗಡಿ ಕೋನ್ ಅನ್ನುವುದು ನನಗೆ ಸರಿಬರಲಿಲ್ಲ.

ಇನ್ನು ಹೊಟ್ಟೆ. 90 ಜನ, ದೋಸೆ ಹೆಂಚು ಒಂದೇ ಒಂದು. ಆ ಹೆಂಚಿಗೆ ಒಂದು ಸಲಕ್ಕೆ ಆರು ದೋಸೆ. ಹುಯ್ದು, ಎಣ್ಣೆ ಬಿಟ್ಟು, ಪಲ್ಯ ಇಟ್ಟು ಮಡಚಿ ತೆಗೆಯಲು ನಾಲ್ಕು ನಿಮಿಷ. ತಲೆಗೆ ಎರಡು ದೋಸೆ ಅಂದರೆ 180. ಮೂವತ್ತು ಸಲ ಹುಯ್ಯಬೇಕು, 120 ನಿಮಿಷ. ಕೊನೆಯವರಿಗೆ ದೋಸೆ ಸಿಗಲು ಎರಡು ಗಂಟೆ ಅಂತ ಮೊದಲೇ ಗೊತ್ತಾಗಬೇಕಿತ್ತು, ಇದು ಏಳನೇ ಕ್ಲಾಸಿನ ಲೆಕ್ಕ. ಆದದ್ದೂ ಹಾಗೇ. ಏಳೂವರೆಗೆ ಶುರುವಾದ ಸಾಲು ಒಂಬತ್ತೂವರೆಯಾದರೂ ಕರಗಲಿಲ್ಲ. ಎರಡೂ ಕೈಗೆ ಮೆಹಂದಿ ಹಚ್ಚಿಕೊಂಡವರ ಪಾಡು ಕೇಳಬೇಡಿ, ಅವರಿಗೆ ಇನ್ನೊಬ್ಬರು ತಿನ್ನಿಸಬೇಕು, ತಿನ್ನಿಸುವವರು ಸಾಲಿನಲ್ಲಿ. ನಮ್ಮತ್ತಿಗೆ ನಾಲ್ಕು ಜನಕ್ಕೆ ಸರದಿಯ ಮೇಲೆ ಪಾನಿಪುರಿ ಬಾಯಿಗಿಟ್ಟರು, ಹಕ್ಕಿ ಮರಿಗೆ ಗುಟುಕು ಕೊಟ್ಟ ಹಾಗೆ. ದೋಸೆಯ ರುಚಿ ಮಾತ್ರ ಚೆನ್ನಾಗಿತ್ತು. ಒಳಗೆ ಕೆಂಪು ಚಟ್ನಿ, ಮೇಲೆ ಬೆಣ್ಣೆ, ಅಂಚು ಗರಿಗರಿ. ಇನ್ನೊಂದು ಹೆಂಚು ಇಟ್ಟಿದ್ದರೆ ಪೂರ್ತಿ ಅಂಕ ಕೊಡುತ್ತಿದ್ದೆ.

ಒಂದು ಒಳ್ಳೆಯ ಮಾತು. ಹಾಡು ಹಾಕುತ್ತಿದ್ದ ಹುಡುಗ 9:55ಕ್ಕೆ ತಾನಾಗಿ ಸ್ಪೀಕರ್ ನಿಲ್ಲಿಸಿದ. ಕುಣಿಯುತ್ತಿದ್ದವರು ಎಷ್ಟು ಗೋಗರೆದರೂ, "ಹತ್ತು ಗಂಟೆ ಮೇಲೆ ರೂಲ್ಸ್ ಇಲ್ಲ ಸರ್" ಅಂತ ವೈರ್ ಸುತ್ತಿಟ್ಟ. ಪಕ್ಕದ ಮನೆಯಲ್ಲಿ ವಯಸ್ಸಾದವರು ಇದ್ದಾರೆ, ನನಗೆ ಸಮಾಧಾನವಾಯಿತು.

ಶುಕ್ರವಾರಕ್ಕೆ ಬರೋಣ. ಈ ಬರಹಕ್ಕೆ ಕಾರಣವೇ ಅದು.

ಚಪ್ಪರ ಅಂದರೆ ನಮ್ಮಲ್ಲಿ ತೆಂಗಿನ ಗರಿ, ಬಾಳೆಕಂದು, ಮಾವಿನ ತೋರಣ, ಹಾಲು ಬರುವ ಮರದ ಒಂದು ಕೊಂಬೆ. ನಮ್ಮ ಕಡೆ ಅತ್ತಿಕೊಂಬೆ ನೆಟ್ಟು ಪೂಜೆ ಮಾಡುತ್ತಾರೆ. ಪ್ಯಾಕೇಜಿನಲ್ಲಿ ಇದ್ದದ್ದು ಹಳದಿ ಬಟ್ಟೆ, ಪ್ಲಾಸ್ಟಿಕ್ ಚೆಂಡುಹೂವಿನ ಸರ. ನಿಜವಾದ ಹೂವಾದರೆ ಎಕ್ಸ್ಟ್ರಾ ಅಂತ ಮೊದಲೇ ಹೇಳಿದ್ದರು. ಗರಿ, ಕೊಂಬೆ ಭಾವನ ಊರಿನವರು ಗೂಡ್ಸ್ ಆಟೋದಲ್ಲಿ ತಂದರು. ಹೂವಿಗೆ ನಾನೂ ನನ್ನ ಮಗನೂ ಬೆಳಿಗ್ಗೆ ಐದೂವರೆಗೆ ದೇವರಾಜ ಮಾರುಕಟ್ಟೆಗೆ ಹೋದೆವು. ಮುಹೂರ್ತದ ದಿನಗಳು, ಹೂವಿನ ರೇಟು ಕೇಳುವ ಹಾಗಿರಲಿಲ್ಲ. ಮಲ್ಲಿಗೆ ಮಾರು ಅಳೆಯುವಾಗ ಹೂವಿನವಳು ತನ್ನ ಕುಳ್ಳ ಕೈ ಚಾಚಿದಳು. "ನಮ್ಮ ಹುಡುಗನ ಕೈಯಲ್ಲಿ ಅಳೆಯಮ್ಮ" ಅಂದೆ, ಮಗ ಆರಡಿ ಇದ್ದಾನೆ. ಅವಳು ನಕ್ಕು ಅರ್ಧ ಮೊಳ ಹೆಚ್ಚಿಗೆ ಕೊಟ್ಟಳು. ಇಂಥ ಚೌಕಾಸಿಯನ್ನು ಯಾವ ಪ್ಯಾಕೇಜೂ ಮಾಡಿಕೊಡುವುದಿಲ್ಲ.

ಒಂಬತ್ತಕ್ಕೆ ಅರಿಶಿನ. ಐದು ಜನ ಒಟ್ಟಾಗಿ ಒನಕೆ ಹಿಡಿದು ಒರಳಿನಲ್ಲಿ ಅರಿಶಿನದ ಕೊಂಬು ಕುಟ್ಟುವುದು ಮೊದಲ ಶಾಸ್ತ್ರ. ಕಂಪನಿಯವರ ಪಟ್ಟಿಯಲ್ಲಿ "ಒರಳು, ಒನಕೆ, ಅಲಂಕರಿಸಿದ್ದು" ಅಂತ ಇತ್ತು. ಒನಕೆಯನ್ನು ದೊಡ್ಡಮ್ಮ ಊರಿನಿಂದಲೇ ಹಿಡಿದುಕೊಂಡು ಬಂದಿದ್ದರು, ತಲೆಮಾರಿನ ಹಳೆಯದು, ಕಬ್ಬಿಣದ ಬಳೆ ಇರುವ ಭಾರದ ಒನಕೆ. ಒರಳು ಕಂಪನಿಯದು. ಕಲ್ಲಿನ ಬಣ್ಣ, ಮೇಲೆ ರಂಗೋಲಿ, ಸುತ್ತ ಕನ್ನಡಿ ಚೂರು. ನೋಡಲು ಬಹಳ ಚೆನ್ನಾಗಿತ್ತು. ಒಬ್ಬ ಹುಡುಗ ಅದನ್ನು ಒಂದೇ ಕೈಯಲ್ಲಿ ಎತ್ತಿಕೊಂಡು ಬಂದಾಗಲೇ ನನಗೆ ಅನುಮಾನ ಬರಬೇಕಿತ್ತು.

ದೊಡ್ಡಮ್ಮ ಸೋಬಾನೆ ಎತ್ತಿದರು. ಐದು ಕೈ ಒನಕೆ ಮೇಲೆ. ಮೊದಲ ಪೆಟ್ಟು ಬಿತ್ತು. ಒನಕೆ ಒರಳಿನ ತಳ ದಾಟಿ ನೆಲ ಮುಟ್ಟಿತು.

ಒಂದು ಕ್ಷಣ ಸದ್ದಿಲ್ಲ. ಹಾಡೂ ನಿಂತಿತು. ದೊಡ್ಡಮ್ಮ ಬಗ್ಗಿ ತೂತಿನಲ್ಲಿ ಇಣುಕಿ ನೋಡಿ, "ಇದೇನ್ ಒರಳೋ, ಟೋಪಿನೋ?" ಅಂದರು. ಅಷ್ಟೇ. ಹುಡುಗಿಯಿಂದ ಹಿಡಿದು ಫೋಟೋದವನವರೆಗೆ ಎಲ್ಲರೂ ಬಿದ್ದು ಬಿದ್ದು ನಕ್ಕರು. ಅಕ್ಕ ಮಾತ್ರ ಅಪಶಕುನ ಅನ್ನುವ ಮುಖ ಮಾಡಿದಳು. ಗಡಿಯಾರ ನೋಡಿದೆ, 9:20. ರಾಹುಕಾಲಕ್ಕೆ ಒಂದು ಗಂಟೆ ಹತ್ತು ನಿಮಿಷ.

ಈಗ ಆ ಹುಡುಗರ ಬಗ್ಗೆ ಹೇಳಬೇಕು. ಮೂರು ಮನೆ ಆಚೆ ಒಬ್ಬರ ಹಿತ್ತಲಲ್ಲಿ ಹಳೆಯ ಒರಳುಕಲ್ಲು ಇದೆ ಅಂತ ಅತ್ತಿಗೆ ನೆನಪಿಸಿದರು. ನಾಲ್ಕು ಹುಡುಗರು ಗೋಣಿಚೀಲ ತೆಗೆದುಕೊಂಡು ಓಡಿದರು. ಇಸ್ತ್ರಿ ಮಾಡಿದ ಹಳದಿ ಕುರ್ತಾದಲ್ಲೇ ಆ ಕಲ್ಲನ್ನು ಚೀಲದ ಮೇಲೆ ಉರುಳಿಸಿ, ರಸ್ತೆಯುದ್ದ ಎಳೆದು ತಂದು, ತೊಳೆದು, ಒರೆಸಿ ಇಟ್ಟರು. ಹದಿನೆಂಟು ನಿಮಿಷ. ಒಬ್ಬನ ಬೆರಳು ಜಜ್ಜಿಹೋಗಿತ್ತು, ಅದೇ ಅರಿಶಿನ ಮೆತ್ತಿಕೊಂಡು ಮತ್ತೆ ಕೆಲಸಕ್ಕೆ ನಿಂತ. ಅವನಿಗೆ ನಾನು ಹತ್ತಕ್ಕೆ ಹತ್ತು ಕೊಡುತ್ತೇನೆ. ಅವನನ್ನು ಕೆಲಸಕ್ಕೆ ಇಟ್ಟುಕೊಂಡು ಫೈಬರ್ ಒರಳು ಕೊಟ್ಟು ಕಳಿಸಿದವರಿಗೆ ಎಷ್ಟು ಕೊಡಬೇಕೋ ನೀವೇ ಹೇಳಿ.

ಮೈಕ್ ಹಿಡಿದ ಆ್ಯಂಕರ್ ಹುಡುಗಿಯದೂ ಒಂದು ವಿಷಯ ಇದೆ. ಹಿಂದಿನ ದಿನ ಅವಳನ್ನು ಪಕ್ಕಕ್ಕೆ ಕರೆದು, "ಅರಿಶಿನ ಹಚ್ಚಲು ಕರೆಯುವಾಗ ಮುತ್ತೈದೆಯರು ಬನ್ನಿ ಅನ್ನಬೇಡಮ್ಮ, ಹೆಂಗಸರೆಲ್ಲ ಬನ್ನಿ ಅನ್ನು" ಅಂತ ಹೇಳಿದ್ದೆ. ನಮ್ಮತ್ತಿಗೆಯ ಯಜಮಾನರು ಹೋಗಿ ಎರಡು ವರ್ಷ ಆಗಿತ್ತು. ಹೆತ್ತ ತಾಯಿಯಷ್ಟೇ ಈ ಹುಡುಗಿಯನ್ನು ಎತ್ತಿ ಆಡಿಸಿದವರು ಅವರು. ಆ್ಯಂಕರ್ ಒಂದೇ ಸಲ ಕೇಳಿಸಿಕೊಂಡದ್ದನ್ನು ನೆನಪಿಟ್ಟುಕೊಂಡು ಹಾಗೇ ಕರೆದಳು. ಅತ್ತಿಗೆ ಎದ್ದು ಬಂದು ಹುಡುಗಿಯ ಕೆನ್ನೆಗೆ ಅರಿಶಿನ ಹಚ್ಚಿದರು. ದೊಡ್ಡಮ್ಮ ಏನಾದರೂ ಅನ್ನುತ್ತಾರೇನೋ ಅಂತ ಹೆದರಿದ್ದೆ. ಅವರು ಹಾಡು ನಿಲ್ಲಿಸಲಿಲ್ಲ.

ಅರಿಶಿನದ ಪುಡಿಯೂ ಪ್ಯಾಕೇಜಿನಲ್ಲಿ ಇತ್ತು. ಸೆಂಟಿನ ವಾಸನೆ, ಕಣ್ಣು ಕುಕ್ಕುವ ಹಳದಿ. ಅದನ್ನು ಪಕ್ಕಕ್ಕಿಟ್ಟು ಚಾಮರಾಜನಗರದ ಕಡೆಯಿಂದ ತರಿಸಿದ ಕೊಂಬನ್ನೇ ಪುಡಿ ಮಾಡಿಸಿದ್ದನ್ನು ಹಾಲಿನಲ್ಲಿ ಕಲಸಿದೆವು. ಆ ಜಿಲ್ಲೆಯಲ್ಲಿ ಬೆಳೆಯುವ ಅರಿಶಿನ ಪಕ್ಕದಲ್ಲೇ ಸಿಗುವಾಗ ಪ್ಯಾಕೆಟ್ ಯಾಕೆ? 10:22ಕ್ಕೆ ಕೊನೆಯ ಆರತಿ. ಎಂಟು ನಿಮಿಷ ಉಳಿದಿತ್ತು.

ಮಧ್ಯಾಹ್ನದ ಊಟ ಕಂಪನಿಗೆ ಕೊಟ್ಟಿರಲಿಲ್ಲ. "ಹೊರಗಿನ ಅಡುಗೆ ಆದರೆ ನಮಗೆ ಕಷ್ಟ" ಅಂತ ಮೊದಲು ಗೊಣಗಿದರು, ನಾವು ಜಗ್ಗಲಿಲ್ಲ. ನಮ್ಮ ಮನೆಯ ಶುಭಕಾರ್ಯಗಳಿಗೆಲ್ಲ ಬರುವ ಅಡುಗೆಯವರೇ ಬಂದರು. ಸಾಮಾನು ನಮ್ಮದು, ಕೈ ಅವರದು. ಎರಡೂ ಸೇರಿ 49,000, ಎಲೆ ಎದ್ದದ್ದು 180. ಎಲೆಗೆ ಸುಮಾರು 272 ರೂಪಾಯಿ ಬಿತ್ತು. ಕೋಸಂಬರಿ, ಹುರುಳಿಕಾಯಿ ಪಲ್ಯ, ಮಾವಿನಕಾಯಿ ಚಿತ್ರಾನ್ನ, ಒಬ್ಬಟ್ಟು, ಒಬ್ಬಟ್ಟಿನ ಸಾರು, ಹಪ್ಪಳ, ಮಜ್ಜಿಗೆ. ಒಬ್ಬಟ್ಟಿನ ಸಾರನ್ನು ಮೂರನೇ ಸಲ ಕೇಳಿ ಹಾಕಿಸಿಕೊಂಡವರ ಹೆಸರು ಹೇಳಿದರೆ ನಮ್ಮ ಭಾವನಿಗೆ ಬೇಜಾರಾಗುತ್ತದೆ. ಕಂಪನಿಯ ಹುಡುಗರೂ ಪಂಕ್ತಿಯಲ್ಲಿ ಕೂತು ಉಂಡರು. ಆಮೇಲೆ ಯಾರೂ ಹೊರಗಿನ ಅಡುಗೆ ಅನ್ನಲಿಲ್ಲ.

ಮೂರೂವರೆಗೆ ಚಾಮುಂಡಿ ಬೆಟ್ಟದ ಕಡೆ ಮೋಡ ಕಟ್ಟಿತು. ಬಳೆ ಶಾಸ್ತ್ರದ ವ್ಯವಸ್ಥೆಯೆಲ್ಲ ಹೊರಗಡೆ ಚಪ್ಪರದ ಕೆಳಗೆ. ನಾವು ಮನೆಯವರು, "ಮಳೆ ಬರಲ್ಲ ಬಿಡಿ, ಬರೀ ಮೋಡ" ಅಂತ ಕಾಫಿ ಕುಡಿಯುತ್ತಿದ್ದೆವು. ಆ ಜಜ್ಜಿದ ಬೆರಳಿನ ಹುಡುಗ ಯಾರನ್ನೂ ಕೇಳದೆ ಜಮಖಾನ, ಮಣೆ, ಹೂವು, ಮೈಕು, ಬಳೆಗಾರರ ಪೆಟ್ಟಿಗೆ ಸಮೇತ ಎಲ್ಲವನ್ನೂ ಒಳಗಿನ ಹಾಲಿಗೆ ಸಾಗಿಸಿಬಿಟ್ಟ. ಸೋಫಾ ಎತ್ತಿ ರೂಮಿಗೆ, ಟಿವಿ ಮೇಲೆ ಬಟ್ಟೆ. ನಾಲ್ಕಕ್ಕೆ ಐದು ನಿಮಿಷ ಇರುವಾಗ ಆಲಿಕಲ್ಲು ಸಮೇತ ಸುರಿಯಿತು. ಚಪ್ಪರದ ಹಳದಿ ಬಟ್ಟೆ ಹರಿದು ತೆಂಗಿನ ಮರಕ್ಕೆ ಸಿಕ್ಕಿಕೊಂಡಿತು. ಗರಿಯ ಚಪ್ಪರ ನಿಂತೇ ಇತ್ತು, ಸೋರುತ್ತಾ. ಒಳಗೆ ನಾವು ಒಣಗಿದ ನೆಲದಲ್ಲಿ ಕೂತು ಬಳೆ ತೊಡಿಸಿಕೊಂಡೆವು. ಅರ್ಧ ಅಂಕ ವಾಪಸ್.

ಬಳೆಗಾರರು ನಾವು ಕರೆಸಿದವರು. ಕಂಪನಿಯ ಪಟ್ಟಿಯಲ್ಲಿ ಇದ್ದದ್ದು "ಬ್ಯಾಂಗಲ್ ಸ್ಟಾಲ್", ಅಂದರೆ ಕಂಬಿಗೆ ಬಳೆ ಸಿಕ್ಕಿಸಿ ಇಡುತ್ತಾರೆ, ಬೇಕಾದವರು ತೆಗೆದುಕೊಳ್ಳಬೇಕು. ಅದು ಶಾಸ್ತ್ರ ಅಲ್ಲ, ಅಂಗಡಿ. ಬಳೆಗಾರ ಶೆಟ್ಟರು ಕೈ ಹಿಡಿದು ಒಂದು ಸಲ ಒತ್ತಿ ನೋಡಿ, "ಎರಡು ಆರು" ಅಥವಾ "ಎರಡು ನಾಲ್ಕು" ಅನ್ನುತ್ತಾರೆ, ತಪ್ಪುವುದೇ ಇಲ್ಲ. ಎರಡು ಇಂಚು, ಮೇಲೆ ಇಂಚಿನ ಹದಿನಾರನೇ ಭಾಗದಲ್ಲಿ ಆರು ಅಂತ ಅದರ ಅರ್ಥ, ಅಂದರೆ ಎರಡು ಆರಕ್ಕೂ ಎರಡು ನಾಲ್ಕಕ್ಕೂ ಇರುವ ವ್ಯತ್ಯಾಸ ಎಂಟನೇ ಒಂದು ಇಂಚು. ಇಷ್ಟು ವರ್ಷ ಭಿನ್ನರಾಶಿ ಹೇಳಿಕೊಟ್ಟಿದ್ದೇನೆ, ಬೆರಳಿನಲ್ಲಿ ಅದನ್ನು ಅಳೆಯುವವರನ್ನು ನೋಡಿದರೆ ನನಗೆ ಹೊಟ್ಟೆಕಿಚ್ಚು. ಹುಡುಗಿಗೆ ಹಸಿರು ಗಾಜಿನ ಬಳೆ, ಒಂದೂ ಚಿಟ್ ಅನ್ನದೆ ಏರಿತು. ಅಲ್ಲಿದ್ದ 70 ಹೆಂಗಸರಿಗೂ ಡಜನ್ ಡಜನ್. ಡಜನ್‌ಗೆ 70 ರೂಪಾಯಿ, ಒಟ್ಟು 4,900. ಮೊರದಲ್ಲಿ ಅಕ್ಕಿ, ತೆಂಗಿನಕಾಯಿ, ಎಲೆ ಅಡಿಕೆ, 1,001 ದಕ್ಷಿಣೆ ಇಟ್ಟು ಕೊಟ್ಟೆವು. ಇಡೀ ವಾರದಲ್ಲಿ ಕೊಟ್ಟ ದುಡ್ಡಿಗೆ ಅತಿ ಹೆಚ್ಚು ಸಂತೋಷ ಸಿಕ್ಕಿದ್ದು ಇಲ್ಲಿಯೇ.

ಶನಿವಾರದ ವರಪೂಜೆ. ಗಂಡಿನ ಕಡೆಯ ಅಮೆರಿಕದ ಹುಡುಗಿಯೊಬ್ಬಳು, "ಇದು ನಿಮ್ಮ ರಿಹರ್ಸಲ್ ಡಿನ್ನರಾ ಆಂಟಿ?" ಅಂತ ಕೇಳಿದಳು. ಅವರಲ್ಲಿ ಮದುವೆಯ ಹಿಂದಿನ ಸಂಜೆ ಚರ್ಚಿನಲ್ಲಿ ಯಾರು ಎಲ್ಲಿ ನಿಲ್ಲಬೇಕು ಅಂತ ಒಂದು ಸಲ ಮಾಡಿ ನೋಡಿ, ಆಮೇಲೆ ಎರಡೂ ಮನೆಯವರು ಕೂತು ಊಟ ಮಾಡುತ್ತಾರಂತೆ. ಹೌದು ಅನ್ನಬೇಕೋ ಇಲ್ಲ ಅನ್ನಬೇಕೋ ಗೊತ್ತಾಗಲಿಲ್ಲ. ನಮ್ಮದರಲ್ಲಿ ರಿಹರ್ಸಲ್ ಇಲ್ಲ, ಎಲ್ಲವೂ ಅಸಲಿ. ಬೀಗರ ಕಾಲು ತೊಳೆಯಲು ನೀರು ತಣ್ಣಗಿದ್ದರೆ ಅದನ್ನು ಹತ್ತು ವರ್ಷ ಹೇಳುತ್ತಾರೆ.

ಬೀಗರ ಬಸ್ಸು 50 ನಿಮಿಷ ತಡವಾಯಿತು. ಕಂಪನಿಯವರು ಇಲ್ಲಿ ನಿಜವಾಗಿಯೂ ಚೆನ್ನಾಗಿ ಕೆಲಸ ಮಾಡಿದರು. ಬಸ್ಸಿನ ಡ್ರೈವರ್ ನಂಬರ್ ಮೊದಲೇ ತೆಗೆದುಕೊಂಡಿದ್ದರು. ಬಸ್ಸು ಎಲ್ಲಿದೆ ಅಂತ ಹತ್ತು ನಿಮಿಷಕ್ಕೊಮ್ಮೆ ವಾಲಗದವರಿಗೂ ಅಡುಗೆಮನೆಗೂ ತಿಳಿಸುತ್ತಿದ್ದರು. ಪಾನಕ, ಆರತಿ ತಟ್ಟೆ, ಬಿಸಿನೀರು ಎಲ್ಲ ಬಾಗಿಲಲ್ಲೇ ಸಿದ್ಧವಿತ್ತು. ಇಷ್ಟು ಸಲೀಸಾಗಿ ಬೀಗರನ್ನು ಒಳಗೆ ಕರೆದುಕೊಂಡದ್ದನ್ನು ನಾನು ನೋಡಿಲ್ಲ. ನಾವೇ ಮಾಡಿದ್ದರೆ ಯಾರಾದರೂ ಇಬ್ಬರು ಜಗಳ ಆಡಿರುತ್ತಿದ್ದರು.

ಆಮೇಲೆ ಕೆಟ್ಟಿತು. ಗಂಡು ಹೆಣ್ಣು ಸ್ಟೇಜಿಗೆ ಬರುವ ದೃಶ್ಯ ಸರಿಬರಲಿಲ್ಲ ಅಂತ ವಿಡಿಯೋದವರು ಮೂರು ಸಲ ನಡೆಸಿದರು. ಅದು ಮುಗಿಯುವವರೆಗೆ ಊಟದ ಹಾಲಿನ ಬಾಗಿಲು ತೆರೆಯಬೇಡಿ ಅಂತ ಕಂಪನಿಯವರೇ ಛತ್ರದವರಿಗೆ ಹೇಳಿಬಿಟ್ಟಿದ್ದರು, ಜನ ಎದ್ದು ಹೋದರೆ ಫ್ರೇಮ್ ಖಾಲಿ ಕಾಣುತ್ತದಂತೆ. 8:40ರಿಂದ 9:20. ಸಕ್ಕರೆ ಕಾಯಿಲೆಯವರು, ಮಾತ್ರೆ ನುಂಗಿ ಕೂತವರು, ಮಕ್ಕಳು ಎಲ್ಲರೂ ಮುಚ್ಚಿದ ಬಾಗಿಲ ಮುಂದೆ. ಹುಡುಗನ ಸೋದರಮಾವ ಸೀದಾ ಹೋಗಿ ಬಾಗಿಲು ತಳ್ಳಿದರು. ಅವರಿಗೆ ನನ್ನ ನಮಸ್ಕಾರ. ಇಲ್ಲಿ ಮುಕ್ಕಾಲು ಅಂಕ ಹೋಯಿತು, ಇದರಲ್ಲಿ ಚೌಕಾಸಿ ಇಲ್ಲ.

ಮಂಗಳವಾರ ಕೊನೆಯ ಬಿಲ್ ಬಂತು. ಟ್ರಾನ್ಸ್‌ಪೋರ್ಟ್ 3,500, ಮೆಹಂದಿಯವರ ಹೆಚ್ಚುವರಿ ಗಂಟೆ 2,400. ಮೊದಲ ಹಾಳೆಯ "ಎಲ್ಲ ಸೇರಿ" ಫೋಟೋ ತೆಗೆದು ಕಳಿಸಿದೆ. ಟ್ರಾನ್ಸ್‌ಪೋರ್ಟ್ ಬಿಟ್ಟರು. ಹೆಚ್ಚುವರಿ ಗಂಟೆಯದ್ದು ನ್ಯಾಯವಾಗಿತ್ತು, ಆ ಹುಡುಗಿ ದುಡಿದಿದ್ದಳು, ಕೊಟ್ಟೆವು. ಕುಳಿತು ಕೂಡಿದರೆ ಐದರಲ್ಲಿ ದೋಸೆ ಸಾಲಿಗೆ ಅರ್ಧ, ಕೋನ್‌ಗೆ ಮುಕ್ಕಾಲು, ಊಟದ ಬಾಗಿಲಿಗೆ ಮುಕ್ಕಾಲು, ಒರಳಿಗೆ ಕಾಲು ಹೋಯಿತು. ಮಳೆಗೆ ಅರ್ಧ, ವೇಳಾಪಟ್ಟಿ ಬದಲಿಸಿದ್ದಕ್ಕೆ ಕಾಲು ವಾಪಸ್ ಬಂತು. ಮೂರೂವರೆ.

ಮುಂದಿನ ಮಾಘದಲ್ಲಿ ಅತ್ತಿಗೆಯ ಮಗನ ಮದುವೆ ಇದೆ. ಇವರನ್ನೇ ಕರೆಯೋಣ ಅಂದಿದ್ದೇನೆ. ಆದರೆ ಬೀಗರನ್ನು ಎದುರುಗೊಳ್ಳುವುದಕ್ಕೆ, ಕುರ್ಚಿ ಶಾಮಿಯಾನಕ್ಕೆ, ಆ ನಾಲ್ಕು ಹುಡುಗರಿಗೆ ಮಾತ್ರ. ವೇಳಾಪಟ್ಟಿ ನಾನೇ ಬರೆಯುತ್ತೇನೆ. ಊಟದ ಬಾಗಿಲ ಕೀಲಿ ನನ್ನ ಸೆರಗಿನಲ್ಲಿ ಇರುತ್ತದೆ.

ಒಡೆದ ಒರಳನ್ನು ತೆಗೆದುಕೊಂಡು ಹೋಗಿ ಅಂತ ಎರಡು ಸಲ ಫೋನ್ ಮಾಡಿದೆವು. ಇನ್ನೂ ಬಂದಿಲ್ಲ. ಭಾವ ಅದಕ್ಕೆ ಮಣ್ಣು ತುಂಬಿ ದೊಡ್ಡಪತ್ರೆ ನೆಟ್ಟಿದ್ದಾರೆ. ತಳದಲ್ಲಿ ತೂತು ಇರುವುದರಿಂದ ನೀರು ನಿಲ್ಲುವುದಿಲ್ಲ, ಗಿಡ ಚೆನ್ನಾಗಿ ಬಂದಿದೆ. ಮೊನ್ನೆ ತಂಬುಳಿ ಮಾಡಿದ್ದೆವು.